ಝೇವಿಯರ್ ಅಂದರೆ ಏನರ್ಥ? ಅಡ್ಡಹೆಸರನ್ನು ಮಗುವಿಗೆ ಇಡಬಹುದಾ?

ಪ್ರಶ್ನೆ: ನಾನು ಮಂಗಳೂರು ಕಡೆಯ ಕಥೋಲಿಕ್ ಮನೆಯವನು, ಹೆಂಡತಿ ಗದಗ ಕಡೆಯ ಲಿಂಗಾಯತ ಮನೆಯವಳು. ಬೆಂಗಳೂರಿನಲ್ಲಿದ್ದೇವೆ. ಹೋದ ತಿಂಗಳು ಗಂಡು ಮಗು ಹುಟ್ಟಿದೆ. ನನ್ನ ಅಜ್ಜನ ಹೆಸರು ಝೇವಿಯರ್. ಮಗುವಿಗೂ ಅದನ್ನೇ ಇಡಬೇಕು ಅಂತ ನಮ್ಮಿಬ್ಬರಿಗೂ ಆಸೆ. ಆದರೆ ಮನೆಯಲ್ಲಿ ಒಬ್ಬೊಬ್ಬರು ಒಂದೊಂದು ಹೇಳುತ್ತಿದ್ದಾರೆ. ಮಾವನವರು, "ಅದೇನು ಹೆಸರು? ಅಡ್ಡಹೆಸರದು, ಕಾಲೇಜಿನ ಬೋರ್ಡ್ ಮೇಲೆ ಇರೋದು" ಅಂತಾರೆ. ನಮ್ಮ ಚಿಕ್ಕಪ್ಪನ ಪ್ರಕಾರ ಝೇವಿಯರ್ ಅಂದರೆ ರಕ್ಷಕ. ಮಕ್ಕಳ ಹೆಸರಿನ ಆ್ಯಪ್ ಒಂದರಲ್ಲಿ "ಅರಬ್ಬಿ ಮೂಲ, ಅರ್ಥ ಪ್ರಕಾಶಮಾನ" ಅಂತಿದೆ. ಭಾವಮೈದ ಗೋವಾದ ಇನ್‌ಕ್ವಿಸಿಷನ್, ಅಂದರೆ ಹಿಂದೆ ಅಲ್ಲಿ ನಡೆದ ಧರ್ಮದ್ರೋಹದ ವಿಚಾರಣೆಯ ಬಗ್ಗೆ ಎಲ್ಲೋ ಓದಿ, ಇಂಥ ಹೆಸರು ಯಾಕೆ ಬೇಕು ಅಂತ ಕೇಳಿದ. ಅತ್ತೆಯವರ ಬಾಯಿಗೆ ಹೆಸರು ಹತ್ತುತ್ತಲೇ ಇಲ್ಲ. ನಿಜವಾದ ಅರ್ಥ ಏನು? ಈ ಹೆಸರಿಟ್ಟರೆ ಮುಂದೆ ದಾಖಲೆಗಳಲ್ಲಿ ತೊಂದರೆ ಆಗುತ್ತಾ?

ಉತ್ತರ: ನಿಮ್ಮ ಪ್ರಶ್ನೆಯಲ್ಲಿ ಹಲವು ಚಿಂತೆಗಳು ಒಂದಕ್ಕೊಂದು ಗಂಟು ಬಿದ್ದಿವೆ. ಹೆಸರಿನ ಅರ್ಥದ ವಿಷಯ ಬೇರೆ, ಆ ಹೆಸರು ಹೊತ್ತಿದ್ದ ಮನುಷ್ಯನ ವಿಷಯ ಬೇರೆ, ಕಚೇರಿ ಕಾಗದದ ಗೊಡವೆ ಇನ್ನೂ ಬೇರೆ. ಮನೆಯಲ್ಲಿ ಮಾತು ಜೋರಾದಾಗ ಇವೆಲ್ಲ ಕಲಸಿಹೋಗುತ್ತವೆ. ಬಿಡಿಸಿ ನೋಡೋಣ.

ಮೊದಲು ಅರ್ಥ. ಝೇವಿಯರ್ ಅಂದರೆ ಹೊಸಮನೆ. ಇಷ್ಟೇ.

ಸ್ಪೇನಿನ ಉತ್ತರ ಭಾಗದಲ್ಲಿ, ಪಿರೆನೀಸ್ ಬೆಟ್ಟಗಳ ತಪ್ಪಲಲ್ಲಿ ನವಾರ್ರಾ ಅನ್ನುವ ಸೀಮೆ ಇದೆ. ಅಲ್ಲಿ ಹಾವಿಯೇರ್ ಎಂಬ ಸಣ್ಣ ಊರು. ಊರಲ್ಲೊಂದು ಹಳೆಯ ಕೋಟೆಮನೆ. ಆ ಸೀಮೆಯಲ್ಲಿ ಹಿಂದಿನಿಂದ ಆಡುತ್ತಿದ್ದ ಭಾಷೆ ಬಾಸ್ಕ್. ಬಾಸ್ಕ್‌ನಲ್ಲಿ 'ಎಚೆ' ಅಂದರೆ ಮನೆ, 'ಬೆರ್ರಿ' ಅಂದರೆ ಹೊಸದು. ನಾವು 'ಹೊಸ'ವನ್ನು ಮುಂದೆ ಇಡುತ್ತೇವೆ, ಅವರು ಹಿಂದೆ ಇಡುತ್ತಾರೆ. ಹಾಗಾಗಿ 'ಎಚೆಬೆರ್ರಿ'. ಲ್ಯಾಟಿನ್‌ನಿಂದ ಬಂದ ಭಾಷೆಗಳನ್ನು ಆಡುವವರ ಬಾಯಲ್ಲಿ ಇದು ಸವೆಯಿತು. ಮೊದಲ 'ಎ' ಬಿದ್ದುಹೋಯಿತು, 'ಚ' ಮೆತ್ತಗಾಗಿ 'ಶ' ಆಯಿತು, 'ಬೆ' ಹಿಗ್ಗಿ 'ವಿಯೆ' ಆಯಿತು. ಕೊನೆಗೆ ಉಳಿದದ್ದು 'ಶವಿಯೆರ್'. ಆ ಕಾಲದ ಸ್ಪೇನಿನಲ್ಲಿ 'ಶ' ಸದ್ದಿಗೆ ಎಕ್ಸ್ ಅಕ್ಷರ ಬರೆಯುತ್ತಿದ್ದರು. ಆ ಎಕ್ಸ್ ಅಕ್ಷರವೇ ಇವತ್ತಿಗೂ ಹೆಸರಿನ ಮುಂದೆ ನಿಂತು ಎಲ್ಲರ ನಾಲಿಗೆ ತೊಡರಿಸುತ್ತಿದೆ.

ಮುಂದೆ ಸ್ಪ್ಯಾನಿಷ್‌ನಲ್ಲಿ 'ಶ' ಸದ್ದು ಗಂಟಲಿಗೆ ಇಳಿದು 'ಹ'ದ ಹಾಗೆ ಆಯಿತು. ಬರಹದಲ್ಲೂ ಎಕ್ಸ್ ಹೋಗಿ ಜೆ ಬಂತು. ಅದಕ್ಕೇ ಸ್ಪೇನಿನಲ್ಲಿ ಇವತ್ತು ಹಾವಿಯೇರ್ ಅನ್ನುತ್ತಾರೆ. ಪೋರ್ಚುಗೀಸರು ಹಳೆಯ ಸದ್ದನ್ನೇ ಉಳಿಸಿಕೊಂಡು ಶವಿಯೇರ್ ಅನ್ನುತ್ತಾರೆ. ಇಟಲಿಯಲ್ಲಿ ಸವೇರಿಯೊ, ಇಂಗ್ಲಿಷರಲ್ಲಿ ಝೇವಿಯರ್. ಫುಟ್ಬಾಲ್ ನೋಡುವವರಿಗೆ ಇನ್ನೂ ಸುಲಭವಾಗಿ ಹೇಳಬಹುದು. 2010ರ ವಿಶ್ವಕಪ್ ಗೆದ್ದ ಸ್ಪೇನ್ ತಂಡದಲ್ಲಿ ಕಾಟಲೋನಿಯಾದ ಶಾವಿ, ಬಾಸ್ಕ್ ನಾಡಿನ ಶಾಬಿ ಅಲೊನ್ಸೊ ಇಬ್ಬರೂ ಆಡಿದ್ದರು. ಎರಡೂ ಇದೇ ಹೆಸರಿನ ಮೊಟಕು ರೂಪಗಳು. ವಿಶ್ವಸಂಸ್ಥೆಯ ಮಹಾ ಕಾರ್ಯದರ್ಶಿಯಾಗಿದ್ದ ಪೆರುವಿನ ಹಾವಿಯೇರ್ ಪೆರೆಸ್ ದೆ ಕ್ವೆಯಾರ್ ಅವರದೂ ಇದೇ ಹೆಸರು. ಮೆಕ್ಸಿಕೋದ ಅಧ್ಯಕ್ಷರಾಗಿದ್ದ ಲೂಯಿಸ್ ಎಚೆವೆರ್ರಿಯಾ ಅವರ ಅಡ್ಡಹೆಸರೂ ಅದೇ ಹೊಸಮನೆ, ಅಷ್ಟಾಗಿ ಸವೆಯದೆ ಉಳಿದ ರೂಪದಲ್ಲಿ.

ಈಗ ಆ್ಯಪ್ ಹೇಳುವ "ಅರಬ್ಬಿ, ಪ್ರಕಾಶಮಾನ" ಕಥೆ. ಇದು ತುಂಬಾ ಕಡೆ ಓಡಾಡುತ್ತಿದೆ. ಒಬ್ಬರದನ್ನು ನೋಡಿ ಇನ್ನೊಬ್ಬರು ಹಾಕಿಕೊಳ್ಳುತ್ತಾರೆ, ಅಷ್ಟೇ. ಸ್ಪೇನಿನಲ್ಲಿ ಅರಬ್ಬರ ಆಳ್ವಿಕೆ ಇತ್ತು, ಅರಬ್ಬಿಯಿಂದ ಬಂದ ಊರ ಹೆಸರುಗಳು ಅಲ್ಲಿ ರಾಶಿ ಇವೆ, ಆ ಮಾತು ನಿಜ. ಆದರೆ ಈ ಹೆಸರು ಇರುವ ಜಾಗ ನೋಡಿ. ಪಿರೆನೀಸ್ ಬೆಟ್ಟಗಳ ಉದ್ದಕ್ಕೂ ಇದೇ ಹೆಸರಿನ ಹಳ್ಳಿಗಳು ಚೆಲ್ಲಿಕೊಂಡಿವೆ. ಪಕ್ಕದ ಆರಗಾನ್ ಸೀಮೆಯಲ್ಲಿ ಹಾವಿಯೆರ್ರೆಗಾಯ್, ಹಾವಿಯೆರ್ರೆಲಾತ್ರೆ ಎಂಬ ಊರುಗಳಿವೆ. ಬಾಸ್ಕ್ ನಾಡಿನ ಒಳಗೆ ಹೋದಂತೆ ಎಚೆಬೆರ್ರಿ, ಎಚೆಬೆರ್ರಿಯಾ ಎಂಬ ಮನೆಗಳೂ ಮನೆತನಗಳೂ ಸಿಗುತ್ತವೆ. ಊರಿಂದ ಊರಿಗೆ ಹೆಸರು ಹೇಗೆ ಬದಲಾಯಿತು ಅಂತ ಹೆಜ್ಜೆ ಹೆಜ್ಜೆಗೂ ಕಾಣುತ್ತದೆ. ಇಂಥ ಸಾಲು ಸಿಕ್ಕ ಮೇಲೆ ಬೇರೆ ಮೂಲ ಹುಡುಕುವ ಅಗತ್ಯ ಇರುವುದಿಲ್ಲ.

ನಿಮ್ಮ ಚಿಕ್ಕಪ್ಪನವರ 'ರಕ್ಷಕ' ಬಂದದ್ದು ಇಂಗ್ಲಿಷಿನ 'ಸೇವಿಯರ್' ಪದದಿಂದ. ಕಿವಿಗೆ ಎರಡೂ ಹತ್ತಿರ, ಅದರ ಮೇಲೆ ಎರಡೂ ಚರ್ಚಿನಲ್ಲಿ ಕೇಳಿಸುವ ಮಾತುಗಳು, ಬೆಸೆದುಹೋದವು. ಆ ಪದ ಬೇರೆ, ಅದರ ಬೇರು ಲ್ಯಾಟಿನ್‌ನಲ್ಲಿದೆ. 'ಸೇವೆ ಮಾಡುವವನು ಸೇವಿಯರ್' ಅನ್ನುವ ವಿವರಣೆಯನ್ನೂ ಕೆಲವರು ಕೊಡುತ್ತಾರೆ. ಕೇಳಲು ಚಂದ, ಆದರೆ ಆಧಾರವಿಲ್ಲ.

ಬಾಸ್ಕ್ ಹೆಸರೆತ್ತಿದರೆ ಸಾಕು, "ಬಾಸ್ಕ್‌ಗೂ ದ್ರಾವಿಡ ಭಾಷೆಗಳಿಗೂ ನಂಟು ಇದೆಯಂತಲ್ಲ" ಎಂದು ಯಾರಾದರೂ ಕೇಳಿಯೇ ಕೇಳುತ್ತಾರೆ. ಅಂಥ ವಾದ ಮಾಡಿದವರು ಇದ್ದಾರೆ. ಭಾಷಾವಿಜ್ಞಾನಿಗಳು ಒಪ್ಪಿಲ್ಲ. ಬಾಸ್ಕ್ ಯಾವ ಭಾಷಾ ಕುಟುಂಬಕ್ಕೂ ಸೇರದ ಒಂಟಿ ಭಾಷೆ ಅಂತಲೇ ಈಗಿನ ತಿಳಿವಳಿಕೆ. 'ಎಚೆಯನ್' ಅಂದರೆ ಮನೆಯಲ್ಲಿ, 'ಎಚೆರಾ' ಅಂದರೆ ಮನೆಗೆ, 'ಎಚೆತಿಕ್' ಅಂದರೆ ಮನೆಯಿಂದ. ನಮ್ಮ ಹಾಗೇ ಬಾಲ ಅಂಟಿಸುತ್ತಾರೆ ನೋಡಿ. ಹಾಗಂತ ಅಷ್ಟಕ್ಕೇ ಬೀಗರಾಗಿಬಿಡುವುದಿಲ್ಲ. ಟರ್ಕಿ, ಜಪಾನಿನವರೂ ಬಾಲ ಅಂಟಿಸುತ್ತಾರೆ.

ನಂಟು ಇರುವುದು ಭಾಷೆಯಲ್ಲಿ ಅಲ್ಲದಿದ್ದರೂ ಪದ್ಧತಿಯಲ್ಲಿ ಒಂದು ಹೋಲಿಕೆ ಇದೆ. ಇದನ್ನು ನಿಮ್ಮ ಮಾವನವರಿಗೆ ಹೇಳಿ. ಬಾಸ್ಕ್ ಹಳ್ಳಿಗಳಲ್ಲಿ ಹೆಸರು ಮೊದಲು ಮನೆಗೆ, ಆಮೇಲೆ ಮನೆಯವರಿಗೆ. ಒಂದು ಮನೆಗೆ ಅಳಿಯ ಬಂದು ನೆಲೆಸಿದರೆ ಅವನನ್ನೂ ಆ ಮನೆಯ ಹೆಸರಿನಿಂದಲೇ ಕರೆಯುತ್ತಿದ್ದರು. ಉತ್ತರ ಕರ್ನಾಟಕದಲ್ಲಿ ಹೊಸಮನಿ, ದೊಡ್ಡಮನಿ, ಹಳೇಮನಿ ಅನ್ನುವ ಅಡ್ಡಹೆಸರುಗಳು ಹುಟ್ಟಿದ್ದೂ ಹೀಗೇ. ಕರಾವಳಿಯಲ್ಲಿ ಗುತ್ತು, ಬೀಡುಗಳ ಹೆಸರು ಮನುಷ್ಯರ ಹೆಸರಿನ ಪಕ್ಕ ಕೂರುತ್ತದೆ. ಗದಗ, ಹಾವೇರಿ ಕಡೆ ಹೊಸಮನಿಯವರು ಊರೂರಿಗೆ ಸಿಗುತ್ತಾರೆ. ನಿಮ್ಮ ಅಜ್ಜನ ಹೆಸರಿನ ಅರ್ಥವೂ ಅದೇ ಅಂತ ಗೊತ್ತಾದರೆ ಮಾವನವರ ಅರ್ಧ ತಕರಾರು ಕರಗಬಹುದು. ಇನ್ನರ್ಧ ಜೋರೂ ಆಗಬಹುದು, "ಅಂದರೆ ಅಡ್ಡಹೆಸರೇ ಆಯ್ತಲ್ಲ" ಅಂತ.

ಅವರ ಮಾತಿನಲ್ಲಿ ಹುರುಳಿದೆ. ಇದು ಹುಟ್ಟಿನಿಂದ ಅಡ್ಡಹೆಸರೇ. ಅದು ಮೊದಲ ಹೆಸರು ಹೇಗಾಯಿತು ಅನ್ನೋದೇ ಇದರ ನಿಜವಾದ ಚರಿತ್ರೆ.

ಫ್ರಾನ್ಸಿಸ್ ಝೇವಿಯರ್ ಹುಟ್ಟಿದ್ದು 1506ರ ಏಪ್ರಿಲ್ 7ರಂದು, ಆ ಹಾವಿಯೇರ್ ಕೋಟೆಮನೆಯಲ್ಲಿ. ಅಪ್ಪ ಹುವಾನ್ ದೆ ಹಾಸೊ, ನವಾರ್ರಾ ರಾಜನ ಆಸ್ಥಾನದಲ್ಲಿ ದೊಡ್ಡ ಅಧಿಕಾರಿ. ಅಮ್ಮ ಮರಿಯಾ ದೆ ಅಸ್ಪಿಲ್ಕ್ವೇತಾ. ಕೋಟೆಮನೆ ಅಮ್ಮನ ಕಡೆಯಿಂದ ಬಂದದ್ದು. ಅಂದರೆ ಜಗತ್ತಿನಾದ್ಯಂತ ಗಂಡುಮಕ್ಕಳಿಗೆ ಇಟ್ಟಿರುವ ಈ ಹೆಸರು ತಾಯಿಯ ಮನೆಯದು. ಇದನ್ನು ನಿಮ್ಮ ಹೆಂಡತಿಗೆ ಹೇಳಿ, ಖುಷಿಪಟ್ಟಾರು.

1512ರಲ್ಲಿ ಸ್ಪೇನಿನ ಸೈನ್ಯ, ಆಗ ಬೇರೆ ರಾಜ್ಯವಾಗಿದ್ದ ನವಾರ್ರಾವನ್ನು ಹಿಡಿಯಿತು. ಝೇವಿಯರ್ ಅಣ್ಣಂದಿರು ಎದುರಾಗಿ ನಿಂತವರು. ಅದರ ಫಲವಾಗಿ 1516ರಲ್ಲಿ ಕೋಟೆಮನೆಯ ಗೋಡೆ, ಬುರುಜುಗಳನ್ನು ಕೆಡವಿಸಿದರು. ಹುಡುಗನಿಗೆ ಆಗ ಹತ್ತು ವರ್ಷ. ಅಪ್ಪ ಅಷ್ಟರಲ್ಲಿ ತೀರಿಕೊಂಡಿದ್ದರು. 1521ರಲ್ಲಿ ಪಾಂಪ್ಲೋನಾದಲ್ಲಿ ಮತ್ತೆ ಕಾಳಗ. ಅಣ್ಣಂದಿರು ನವಾರ್ರಾ ಕಡೆ. ಎದುರು ಪಾಳೆಯದಲ್ಲಿದ್ದ ಒಬ್ಬ ಯೋಧನ ಕಾಲಿಗೆ ಗುಂಡು ಬಿತ್ತು. ಅವನೇ ಇಗ್ನೇಷಿಯಸ್ ಲೊಯೋಲಾ. ಮುಂದೆ ಪ್ಯಾರಿಸ್ಸಿನ ವಿದ್ಯಾರ್ಥಿ ದಿನಗಳಲ್ಲಿ ಇಗ್ನೇಷಿಯಸ್ ಮತ್ತು ಝೇವಿಯರ್ ಗೆಳೆಯರಾದರು. ಇವರಿಬ್ಬರೂ ಇನ್ನು ಕೆಲವರೂ ಸೇರಿ 1534ರಲ್ಲಿ ವ್ರತ ತೊಟ್ಟರು, ಅದರಿಂದ ಯೇಸುಸಭೆ, ಅಂದರೆ ಜೆಸುಯಿಟ್ ಪಾದ್ರಿಗಳ ಸಂಘ, ಹುಟ್ಟಿತು. ಝೇವಿಯರ್ 1542ರ ಮೇ ತಿಂಗಳಲ್ಲಿ ಗೋವಾಕ್ಕೆ ಬಂದಿಳಿದರು. ತಮಿಳು ಕರಾವಳಿಯ ಮುತ್ತಿನ ಬೆಸ್ತರ ನಡುವೆ, ಈಗಿನ ಮಲೇಷ್ಯಾದ ಮಲಕ್ಕಾದಲ್ಲಿ, 1549ರಿಂದ ಜಪಾನಿನಲ್ಲಿ ಧರ್ಮಪ್ರಚಾರ ಮಾಡಿದರು. ಚೀನಾದೊಳಗೆ ಹೋಗಬೇಕೆಂದು ಕಾಯುತ್ತಾ 1552ರ ಡಿಸೆಂಬರ್ 3ರಂದು ಶಾಂಗ್‌ಚುವಾನ್ ದ್ವೀಪದಲ್ಲಿ ತೀರಿಕೊಂಡರು. ದೇಹ ಹಳೆ ಗೋವಾದ ಬಾಂ ಜೀಸಸ್ ಬೆಸಿಲಿಕಾದಲ್ಲಿದೆ. ಸುಮಾರು ಹತ್ತು ವರ್ಷಕ್ಕೊಮ್ಮೆ ದರ್ಶನಕ್ಕೆ ಕೆಳಗಿಳಿಸುತ್ತಾರೆ. ಕೊನೆಯ ಸಲ 2024ರ ನವೆಂಬರಿನಿಂದ 2025ರ ಜನವರಿವರೆಗೆ ಇಳಿಸಿದ್ದರು.

1622ರಲ್ಲಿ ಅವರನ್ನು ಸಂತರೆಂದು ಸಾರಿದರು. ಇಲ್ಲಿಂದ ಅಡ್ಡಹೆಸರಿನ ಪಯಣ ಶುರು. ಕಥೋಲಿಕ್ ಸಂತರಲ್ಲಿ ಫ್ರಾನ್ಸಿಸ್‌ಗಳು ಒಬ್ಬಿಬ್ಬರಲ್ಲ. ಅಸ್ಸೀಸಿಯ ಫ್ರಾನ್ಸಿಸ್ ಇದ್ದಾರೆ, ಫ್ರಾನ್ಸಿಸ್ ದೆ ಸಾಲ್ ಇದ್ದಾರೆ. ಯಾವ ಫ್ರಾನ್ಸಿಸ್ ಅಂತ ತಿಳಿಯಬೇಕಾದರೆ ಎರಡನೇ ಹೆಸರೂ ಬೇಕು. ಹಾಗಾಗಿ ಮಗುವಿಗೆ 'ಫ್ರಾನ್ಸಿಸ್ ಝೇವಿಯರ್' ಎಂದು ಜೋಡಿಯಾಗಿ ಹೆಸರಿಟ್ಟರು. ಕಾಲ ಕಳೆದಂತೆ ಗುರುತು ಹೇಳುತ್ತಿದ್ದ ಎರಡನೇ ಭಾಗವೇ ಬೇರೆಯಾಗಿ ನಿಂತಿತು. ಚರ್ಚ್‌ಗಳ ಹಳೆಯ ಜ್ಞಾನಸ್ನಾನ ಪುಸ್ತಕಗಳಲ್ಲಿ ನಾನು ಇದನ್ನು ಮತ್ತೆ ಮತ್ತೆ ನೋಡಿದ್ದೇನೆ. ಅಜ್ಜ ಫ್ರಾನ್ಸಿಸ್ ಝೇವಿಯರ್, ಮೊಮ್ಮಗ ಬರೀ ಝೇವಿಯರ್.

ಝೇವಿಯರ್ ಇದರಲ್ಲಿ ಒಂಟಿಯಲ್ಲ. ನಿಮ್ಮ ಕಡೆಯ ಮದುವೆಯ ಕರೆಯೋಲೆಗಳನ್ನು ಒಮ್ಮೆ ತೆಗೆದು ನೋಡಿ. ಬೊಸ್ಕೊ ಸಿಗುತ್ತಾರೆ, ವಿಯಾನ್ನಿ ಸಿಗುತ್ತಾರೆ, ಬ್ರಿಟ್ಟೊ, ಗೊನ್ಝಾಗ, ಲಿಗೋರಿ ಸಿಗುತ್ತಾರೆ. ಎಲ್ಲವೂ ಸಂತರ ಅಡ್ಡಹೆಸರುಗಳೇ. ಜಾನ್ ಬೊಸ್ಕೊ, ಜಾನ್ ವಿಯಾನ್ನಿ, ಜಾನ್ ಬ್ರಿಟ್ಟೊ. ಜಾನ್‌ಗಳ ಸಂತೆಯಲ್ಲಿ ಗುರುತು ಸಿಗಲು ಅಡ್ಡಹೆಸರು ಬೇಕಾಯಿತು. ಮಂಗಳೂರಿನವರಿಗೆ ಅಲೋಶಿಯಸ್ ಗೊತ್ತು, ಅವರ ಮನೆತನ ಗೊನ್ಝಾಗ. ಹಿಂದೂಗಳಲ್ಲೂ ಇದು ನಡೆದಿದೆ. ತಿಲಕ್, ಬೋಸ್, ನೆಹರು ಅಂತ ಹೆಸರಿಟ್ಟುಕೊಂಡವರು ನಮ್ಮ ನಡುವೆ ಇದ್ದಾರಲ್ವಾ. ತಮಿಳುನಾಡಿನ ಎಂ.ಕೆ. ಸ್ಟಾಲಿನ್ ಹುಟ್ಟಿದ್ದು 1953ರ ಮಾರ್ಚ್ 1ರಂದು. ರಷ್ಯಾದ ಸ್ಟಾಲಿನ್ ಸತ್ತದ್ದು ಅದೇ ತಿಂಗಳು 5ರಂದು. ಅಪ್ಪ ಕರುಣಾನಿಧಿ ಮಗನಿಗೆ ಆ ಹೆಸರಿಟ್ಟರು, ಅದೇ ನಿಂತಿತು. ಆದ್ದರಿಂದ 'ಅಡ್ಡಹೆಸರು ಮಗುವಿಗೆ ಬರಲ್ಲ' ಅನ್ನೋದು ನಿಯಮವೇನೂ ಅಲ್ಲ. ಅಡ್ಡಹೆಸರು ಯಾರನ್ನಾದರೂ ನೆನಪಿಸುವಷ್ಟು ಗಟ್ಟಿಯಾದರೆ ಅದು ತಾನಾಗಿ ಮುಂದಕ್ಕೆ ಬರುತ್ತದೆ. ಕಾಲೇಜಿನ ಬೋರ್ಡ್ ಮೇಲೆ ಬಂದದ್ದೂ ಅದೇ ದಾರಿಯಲ್ಲಿ. ಮುಂಬೈಯ ಝೇವಿಯರ್ ಕಾಲೇಜು ಶುರುವಾದದ್ದು 1869ರಲ್ಲಿ, ನಿಮ್ಮ ಅಜ್ಜನ ಹೆಸರು ಅದಕ್ಕಿಂತ ಹಳೆಯ ರೂಢಿಯಿಂದ ಬಂದದ್ದು.

ನಿಮ್ಮ ಅಜ್ಜನಿಗೆ ಈ ಹೆಸರು ಯಾಕೆ ಬಂತು ಅಂತ ತಿಳಿಯಬೇಕಾದರೆ ಎರಡು ದಾರಿ ಇದೆ. ಹುಟ್ಟಿದ ದಿನ ಡಿಸೆಂಬರ್ 3ರ ಆಸುಪಾಸಾ ನೋಡಿ, ಅದು ಝೇವಿಯರ್ ಹಬ್ಬದ ದಿನ. ಹಬ್ಬದ ಹತ್ತಿರ ಹುಟ್ಟಿದ ಮಗುವಿಗೆ ಆ ಸಂತರ ಹೆಸರಿಡುವುದು ಹಳೆಯ ರೂಢಿ. ಅಲ್ಲದಿದ್ದರೆ ಅವರ ಅಜ್ಜನ ಹೆಸರು ಕೇಳಿ. ಮೊದಲ ಗಂಡುಮಗುವಿಗೆ ಅಪ್ಪನ ಅಪ್ಪನ ಹೆಸರಿಡುವ ಪದ್ಧತಿ ನಿಮ್ಮಲ್ಲಿ ಇದೆಯಲ್ಲ, ಒಂದು ತಲೆಮಾರು ಬಿಟ್ಟು ಒಂದು ತಲೆಮಾರಿಗೆ ಹೆಸರು ಮರಳಿ ಬರುತ್ತಿರುತ್ತದೆ. ಅಜ್ಜನ ಊರಿನ ಚರ್ಚಿನಲ್ಲಿ ಕೇಳಿದರೆ ಜ್ಞಾನಸ್ನಾನದ ದಾಖಲೆ ಸಿಗುತ್ತದೆ.

ಈಗ ಭಾವಮೈದನ ಪ್ರಶ್ನೆ. ಅದನ್ನು ಸುಮ್ನೆ ತಳ್ಳಿಹಾಕಬೇಡಿ. ಅವರು ಓದಿದ್ದರಲ್ಲಿ ಸತ್ಯವಿದೆ. ಝೇವಿಯರ್ 1546ರಲ್ಲಿ ಪೋರ್ಚುಗಲ್ ದೊರೆಗೆ ಪತ್ರ ಬರೆದು ಗೋವಾದಲ್ಲಿ ಇನ್‌ಕ್ವಿಸಿಷನ್ ಬೇಕು ಎಂದು ಕೇಳಿದ್ದರು. ಅದು ಬಂದದ್ದು 1560ರಲ್ಲಿ, ಅವರು ಸತ್ತು ಎಂಟು ವರ್ಷದ ಮೇಲೆ. ಪೂರ್ತಿ ನಿಂತದ್ದು 1812ರಲ್ಲಿ. ಅಂದರೆ ಅದನ್ನು ನಡೆಸಿದವರು ಅವರಲ್ಲ, ಆದರೆ ಬೇಕು ಎಂದವರಲ್ಲಿ ಅವರೂ ಒಬ್ಬರು. ಎರಡನ್ನೂ ಒಟ್ಟಿಗೇ ಹೇಳಬೇಕು. ಒಂದನ್ನೇ ಹೇಳಿದರೆ ಯಾರದೋ ಪರ ವಾದ ಮಾಡಿದ ಹಾಗಾಗುತ್ತದೆ.

ಇದರಲ್ಲಿ ನಿಮ್ಮ ಮನೆತನದ ಕಥೆಯೂ ಇರಬಹುದು. ಇನ್‌ಕ್ವಿಸಿಷನ್ ಹೆಚ್ಚಾಗಿ ಕಣ್ಣಿಟ್ಟಿದ್ದು ಹೊಸದಾಗಿ ಕ್ರೈಸ್ತರಾಗಿ ಹಳೆಯ ಆಚಾರ ಬಿಡದವರ ಮೇಲೆ. ಮಂಗಳೂರು ಕಥೋಲಿಕರಲ್ಲಿ ಬಹಳ ಮಂದಿಯ ಹಿರಿಯರು ಗೋವಾದಿಂದ ದಕ್ಷಿಣಕ್ಕೆ ಬಂದವರು. ಬರ, ತೆರಿಗೆ, ಮರಾಠರ ಯುದ್ಧ, ಅದರ ಜೊತೆ ಈ ವಿಚಾರಣೆಯ ಭಯವೂ ಅದಕ್ಕೆ ಕಾರಣ. ಹಾಗೆ ಊರು ಬಿಟ್ಟು ಬಂದವರೇ ತಮ್ಮ ಮಕ್ಕಳಿಗೆ ಝೇವಿಯರ್ ಅಂತ ಹೆಸರಿಟ್ಟರು. ಅವರ ಪಾಲಿಗೆ ಆ ಸಂತರು ಕಾಯಿಲೆ ಕಸಾಲೆಗೆ ಹರಕೆ ಹೊರುವ 'ಗೊಂಯ್ಚೊ ಸಾಯ್ಬ್', ಗೋವಾದ ಒಡೆಯ. ಬೆಸಿಲಿಕಾದ ಸಾಲಿನಲ್ಲಿ ಹಿಂದೂಗಳೂ ನಿಲ್ಲುತ್ತಾರೆ. ಜನರ ನಂಬಿಕೆ ಮತ್ತು ದಾಖಲೆಯ ಚರಿತ್ರೆ ಎರಡೂ ಒಂದೇ ಹೆಸರಿನ ಒಳಗೆ ಜಗಳವಾಡದೆ ಇಷ್ಟು ಕಾಲ ಇದ್ದುಬಿಟ್ಟಿವೆ.

ಭಾವಮೈದನಿಗೆ ನಾನು ಹೇಳುವ ಮಾತು ಇಷ್ಟು: ಮಗುವಿಗೆ ನೀವು ಇಡುತ್ತಿರುವುದು ಅಜ್ಜನ ಹೆಸರು. ದೊಡ್ಡವನಾದ ಮೇಲೆ ಮಗ ಕೇಳಿದರೆ 1546ರ ಪತ್ರವನ್ನೂ ಹೇಳಿ, ಹೊಸಮನೆಯನ್ನೂ ಹೇಳಿ. ಬಚ್ಚಿಟ್ಟರೆ ಅದನ್ನೇ ಯಾರೋ ಹೊರಗಿನವರು ಹಂಗಿಸುವ ಹಾಗೆ ಹೇಳುತ್ತಾರೆ. ಇಷ್ಟಾದ ಮೇಲೂ ಇಬ್ಬರಲ್ಲಿ ಒಬ್ಬರಿಗೆ ಈ ಹೆಸರು ಮುಳ್ಳಿನಂತೆ ಚುಚ್ಚುತ್ತಿದ್ದರೆ ಬಿಟ್ಟುಬಿಡಿ, ಬಲವಂತದಿಂದ ಇಟ್ಟ ಹೆಸರು ಮನೆಯಲ್ಲಿ ಬಾಯಿಗೆ ಬರುವುದಿಲ್ಲ.

ಚರ್ಚಿನ ಕಡೆಯಿಂದ ಏನೂ ಅಡ್ಡಿಯಿಲ್ಲ. ಸಂತರ ಹೆಸರೇ ಬೇಕು ಅನ್ನುವ ಒತ್ತಾಯ ಹಳೆಯ ನಿಯಮದಲ್ಲಿತ್ತು. ಈಗಿನ ಚರ್ಚ್ ಕಾನೂನು ಕೇಳುವುದು ಕ್ರೈಸ್ತ ಭಾವನೆಗೆ ಒಗ್ಗದ ಹೆಸರು ಬೇಡ ಅಂತ ಮಾತ್ರ.

ಉಚ್ಚಾರದ ವಿಷಯ ಬಹಳ ಮಂದಿ ಹಗುರವಾಗಿ ತೆಗೆದುಕೊಳ್ಳುತ್ತಾರೆ. ನನ್ನ ಅನುಭವದಲ್ಲಿ ಮುಂದೆ ಜಾಸ್ತಿ ಕಾಡುವುದು ಇದೇ. ಎಕ್ಸ್ ನೋಡಿದವರು 'ಕ್ಸೇವಿಯರ್' ಅಂತಾರೆ. ಅಮೆರಿಕದಲ್ಲಿ ಕೆಲವರು 'ಎಕ್ಸೇವಿಯರ್' ಅಂತಾರೆ. ಕನ್ನಡ ಶಾಲೆಯ ಹಾಜರಿ ಪುಸ್ತಕದಲ್ಲಿ 'ಕ್ಷೇವಿಯರ್' ಅಂತ ಬರೆದದ್ದನ್ನೂ ನೋಡಿದ್ದೇನೆ. ಗದಗದ ಬಾಯಿಗೆ ಅದು 'ಜೇವಿಯರ' ಆಗುತ್ತದೆ. ಆಗಲಿ ಬಿಡಿ, ತಪ್ಪೇನು? ಸ್ಪೇನಿನವರು ಹಾ ಅಂದರು, ಪೋರ್ಚುಗೀಸರು ಶ ಅಂದರು, ಇಂಗ್ಲಿಷರು ಝೇ ಅಂದರು, ಅತ್ತೆಯವರು ಜೇ ಅಂತಾರೆ. ಮೂಲದ ಬಾಸ್ಕ್ ಉಚ್ಚಾರ ಇವರಲ್ಲಿ ಯಾರ ಬಾಯಲ್ಲೂ ಉಳಿದಿಲ್ಲ.

ಒಂದೇ ಒಂದು ಕಡೆ ಎಚ್ಚರ. 'ಸಾ'ದಿಂದ ಶುರುವಾಗುವ ರೂಪವನ್ನು, ಸಾವಿಯರ್, ಸಾವಿ ಅಂತೆಲ್ಲ, ಮುದ್ದಿಗೂ ಬಳಸಬೇಡಿ. ಕರಾವಳಿಯಲ್ಲಿ ಯಾರಿಗೂ ಏನೂ ಅನಿಸದಿರಬಹುದು. ಗದಗದ ಅಜ್ಜಿಯ ಕಿವಿಗೆ ಅದು 'ಸಾವು' ಅಂತ ಕೇಳುತ್ತದೆ, ತೊಟ್ಟಿಲ ಮುಂದೆ ಆ ಮಾತು ಯಾರಿಗೂ ಬೇಡ.

ಅತ್ತೆಯವರಿಗೆ ಇನ್ನೊಂದು ದಾರಿ ಅವರ ಪದ್ಧತಿಯಲ್ಲೇ ಇದೆ. ತೊಟ್ಟಿಲಲ್ಲಿ ಇಡುವ ಹೆಸರು ಬೇರೆ, ಶಾಲೆಗೆ ಹಾಕುವ ಹೆಸರು ಬೇರೆ ಇರುವುದು ನಮ್ಮಲ್ಲಿ ಹೊಸದೇನಲ್ಲ. ತೊಟ್ಟಿಲ ಹೆಸರನ್ನು ಅವರೇ ಆರಿಸಲಿ. ಅವರ ಹಿರಿಯರದೋ, ಮನೆದೇವರದೋ ಹೆಸರಾಗಲಿ. ಮನೆಯಲ್ಲಿ ಮಗು ಎರಡಕ್ಕೂ ಓಗೊಡುತ್ತದೆ. ಆದರೆ ದಾಖಲೆಯಲ್ಲಿ ಒಂದೇ ಇರಲಿ. ತೊಟ್ಟಿಲ ಹೆಸರನ್ನು ಅಂಗನವಾಡಿಯಲ್ಲಿ, ಲಸಿಕೆ ಕಾರ್ಡಿನಲ್ಲಿ ಬರೆಸಿ, ಶಾಲೆಯಲ್ಲಿ ಇನ್ನೊಂದನ್ನು ಬರೆಸಿ, ಆಮೇಲೆ ಅಫಿಡವಿಟ್ ಮಾಡಿಸಲು ಅಲೆಯುವ ಮನೆಗಳು ಎಷ್ಟೋ.

ಇನ್ನು ದಾಖಲೆ. ಹೆಸರನ್ನು ಹೇಗೆ ಜೋಡಿಸುತ್ತೀರಿ ಅನ್ನೋದರ ಮೇಲೆ ತೊಂದರೆ ನಿಂತಿದೆ.

ಝೇವಿಯರ್ ಮೊದಲು, ನಿಮ್ಮ ಮನೆತನದ ಹೆಸರು ಕೊನೆಗೆ ಇಟ್ಟರೆ ಸರಳ. ಅಪಾಯ ಒಂದೇ. ಕೇರಳ, ತಮಿಳುನಾಡಿನಲ್ಲಿ ಅಪ್ಪನ ಹೆಸರಾಗಿ ಝೇವಿಯರ್ ಅನ್ನೋದು ಕೊನೆಯಲ್ಲಿ ಬರುವುದು ಸಾಮಾನ್ಯ. ಅದನ್ನು ಕಂಡು ಅಭ್ಯಾಸವಿದ್ದವರು ನಿಮ್ಮ ಮಗನ ಮೊದಲ ಹೆಸರನ್ನೂ ಅಡ್ಡಹೆಸರು ಅಂದುಕೊಂಡು ಫಾರಂನಲ್ಲಿ ಅದಲುಬದಲು ಮಾಡುತ್ತಾರೆ. ನಿಮ್ಮ ಅಡ್ಡಹೆಸರು ಮಾರ್ಟಿಸ್, ಮಥಾಯಸ್ ತರಹದ್ದಾಗಿದ್ದರೆ ಗೊಂದಲ ಇನ್ನೂ ಜಾಸ್ತಿ, ಯಾವುದು ಮೊದಲು ಯಾವುದು ಕೊನೆ ಅಂತ ಹೊರಗಿನವರಿಗೆ ತಿಳಿಯುವುದಿಲ್ಲ. ಫಾರಂ ತುಂಬಿಸುವಾಗ ಪಕ್ಕದಲ್ಲಿ ನಿಂತು ನೋಡಿಕೊಳ್ಳಬೇಕು, ಬೇರೆ ಮದ್ದಿಲ್ಲ.

ಕನ್ನಡದ ಹೆಸರೊಂದು ಮೊದಲು, ಝೇವಿಯರ್ ನಡುವೆ ಇಟ್ಟರೆ ಎರಡು ಮನೆಯವರೂ ಒಪ್ಪಬಹುದು. ಆದರೆ ನಡುವಿನ ಹೆಸರು ಬೇಗ ಮಾಯವಾಗುತ್ತದೆ. ಶಾಲೆಯವರು ಅದನ್ನು ಒಂದು ಇನಿಷಿಯಲ್ ಮಾಡಿಬಿಡುತ್ತಾರೆ. ಅಜ್ಜನ ನೆನಪು ಬೇಕು ಅಂತ ಇಟ್ಟ ಹೆಸರು ಎಕ್ಸ್ ಅನ್ನುವ ಒಂದಕ್ಷರಕ್ಕೆ ಇಳಿಯುತ್ತದೆ. ಫ್ರಾನ್ಸಿಸ್ ಝೇವಿಯರ್ ಅಂತ ಜೋಡಿ ಇಟ್ಟರೂ ಕೊನೆಗೆ ಕರೆಯುವುದು ಫ್ರಾನ್ಸಿಸ್ ಅಂತಲೇ.

ಬರೀ ಝೇವಿಯರ್ ಎಂದು ಒಂಟಿ ಹೆಸರು ಇಡಬೇಡಿ. ಮಂಗಳೂರಿನವರಿಗೆ ಗಲ್ಫ್ ದೂರವಲ್ಲ. 2022ರ ನವೆಂಬರಿನಿಂದ ಯುಎಇ, ಪಾಸ್‌ಪೋರ್ಟಿನಲ್ಲಿ ಒಂದೇ ಹೆಸರಿದ್ದರೆ ಪ್ರವಾಸಿ ವೀಸಾದ ಮೇಲೆ ಒಳಗೆ ಬಿಡುವುದಿಲ್ಲ ಎಂದು ಹೇಳಿದೆ. ಇನಿಷಿಯಲ್ ಇಡುವ ಮನೆಗಳಿಗೂ ಇದೇ ಮಾತು. ಇನಿಷಿಯಲ್ ಬಿಡಿಸಿ ಪೂರ್ತಿ ಬರೆಸಿ.

ವಿಚಿತ್ರ ಸ್ಪೆಲ್ಲಿಂಗ್ ಕೂಡ ಬೇಡ. ಎಕ್ಸ್ ಬಿಟ್ಟು ಝೆಡ್ ಹಾಕಿದರೆ ಓದಲು ಸುಲಭ ಅನಿಸುತ್ತದೆ. ಆದರೆ ಅಜ್ಜನ ಹೆಸರಿನ ಜೊತೆಗಿನ ಕೊಂಡಿ ಕಡಿಯುತ್ತದೆ, ಜೀವನಪೂರ್ತಿ 'ಎಕ್ಸ್ ಅಲ್ಲ, ಝೆಡ್' ಅಂತ ಹೇಳುತ್ತಿರಬೇಕಾಗುತ್ತದೆ. ಸ್ಪ್ಯಾನಿಷ್ ರೂಪದಲ್ಲಿ ಜೆ ಹಾಕಿದರೆ ಇಲ್ಲಿ 'ಜಾವಿಯರ್' ಅಂತ ಓದುತ್ತಾರೆ.

ನನ್ನನ್ನು ಕೇಳಿದರೆ ಮೊದಲನೆಯದೇ ಸರಿ. ಝೇವಿಯರ್ ಮೊದಲು, ಮನೆತನದ ಹೆಸರು ಕೊನೆಗೆ. ಇಂಗ್ಲಿಷಿನಲ್ಲಿ ಎಲ್ಲರಿಗೂ ಗೊತ್ತಿರುವ ಎಕ್ಸ್-ಎ-ವಿ-ಐ-ಇ-ಆರ್. ಕನ್ನಡದಲ್ಲಿ 'ಝೇವಿಯರ್'. ಅಜ್ಜನ ಹಳೆಯ ಕಾಗದದಲ್ಲಿ ಕನ್ನಡದಲ್ಲೇ ಬೇರೆ ತರಹ ಬರೆದಿದ್ದರೆ, ಆ ರೂಪ ಓದಲು ತೊಡಕಿಲ್ಲದಿದ್ದರೆ, ಅದನ್ನೇ ಇಟ್ಟುಕೊಳ್ಳಬಹುದು.

ಮಗು ಹುಟ್ಟಿ ಒಂದು ತಿಂಗಳಾಯಿತು ಅಂದಿರಿ. ಹುಟ್ಟಿದ 21 ದಿನದೊಳಗೆ ಜನನ ನೋಂದಣಿ ಆಗಬೇಕು. ಆಸ್ಪತ್ರೆಯಲ್ಲಿ ಹುಟ್ಟಿದರೆ ಅವರೇ ಮಾಹಿತಿ ಕಳಿಸುತ್ತಾರೆ, ಸಾಮಾನ್ಯವಾಗಿ ಹೆಸರಿನ ಜಾಗ ಖಾಲಿ ಇರುತ್ತದೆ. ಹೆಸರನ್ನು ಆಮೇಲೆ ಸೇರಿಸಬಹುದು. ನೋಂದಣಿಯಾದ 12 ತಿಂಗಳೊಳಗೆ ಶುಲ್ಕವಿಲ್ಲ, ಆಮೇಲೆ 15 ವರ್ಷದವರೆಗೆ ಶುಲ್ಕ ಕಟ್ಟಿ ಸೇರಿಸಬಹುದು. ಹಾಗಾಗಿ ಮನೆಯಲ್ಲಿ ಮಾತು ಮುಗಿಯುವ ಮೊದಲೇ ಗಡಿಬಿಡಿಯಿಂದ ಬರೆಸಬೇಕಾಗಿಲ್ಲ. ಸೇರಿಸಿದ ಮೇಲೆ ಪೂರ್ತಿ ಬೇರೆ ಹೆಸರು ಮಾಡಿಸುವುದು ಮಾತ್ರ ಕಷ್ಟ. ಅಕ್ಷರ ತಪ್ಪು ತಿದ್ದುವುದೇ ಅಲೆದಾಟ.

2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದವರಿಗೆ ಜನನ ಪ್ರಮಾಣಪತ್ರದ ತೂಕ ಹೆಚ್ಚಿದೆ. ಶಾಲೆ, ಆಧಾರ್, ಡ್ರೈವಿಂಗ್ ಲೈಸೆನ್ಸ್, ಮತದಾರರ ಪಟ್ಟಿ ಎಲ್ಲಕ್ಕೂ ಅದೇ ಆಧಾರ. ಈ ಮಕ್ಕಳ ಪಾಸ್‌ಪೋರ್ಟಿಗೆ ಹುಟ್ಟಿದ ದಿನದ ಪುರಾವೆಯಾಗಿ ಬೇರೆ ಕಾಗದ ನಡೆಯುವುದಿಲ್ಲ. ಕರ್ನಾಟಕದಲ್ಲಿ ಇ-ಜನ್ಮ ಎಂಬ ಸರ್ಕಾರಿ ಜನನ-ಮರಣ ನೋಂದಣಿ ವ್ಯವಸ್ಥೆಯಿಂದ ಸಿಗುವ ಪ್ರಮಾಣಪತ್ರದಲ್ಲಿ ಕನ್ನಡ, ಇಂಗ್ಲಿಷ್ ಎರಡೂ ಇರುತ್ತವೆ. ಇಂಗ್ಲಿಷ್ ಮಾತ್ರ ನೋಡಿ ಕನ್ನಡದ ಸಾಲನ್ನು ಬಿಟ್ಟುಬಿಡುವವರೇ ಜಾಸ್ತಿ, 'ಕ್ಷೇವಿಯರ್' ಅಲ್ಲೇ ನುಸುಳುತ್ತದೆ. ಒಂದು ಚೀಟಿಯಲ್ಲಿ ಎರಡೂ ಲಿಪಿಯಲ್ಲಿ, ಅಪ್ಪ ಅಮ್ಮನ ಹೆಸರನ್ನು ನಿಮ್ಮ ಆಧಾರ್‌ನಲ್ಲಿ ಇರುವ ಹಾಗೇ, ಬರೆದು ತೆಗೆದುಕೊಂಡು ಹೋಗಿ. ಚರ್ಚಿನಲ್ಲಿ ಜ್ಞಾನಸ್ನಾನ ಮಾಡಿಸುವುದಾದರೆ ಅದೇ ಚೀಟಿಯನ್ನು ಅಲ್ಲಿಯೂ ಕೊಡಿ.